ಸಂಗಮ್ಮನ ಅಂಗಳಕ್ಕೆ ನೆರಳು ನೇಯ್ದದ್ದು

ಹಳೆಯ ನಿಜಾಮರು ತೀರಿಕೊಂಡು ಹೊಸಬರು ಗಾದಿಗೆ ಬಂದ ಮರುವರ್ಷದ ಮಾತು. ನಾನಾಗ ಕಮಲಾಪುರದ ನೇಯ್ಗೆ ಶಾಲೆಯಲ್ಲಿ ಎರಡನೆಯ ಮಾಸ್ತರನಾಗಿದ್ದೆ. ನೇಯ್ಗೆ ಶಾಲೆ ಎಂದ ಕೂಡಲೇ ಜನ ಧೋತರದ ದರ ಕೇಳುತ್ತಿದ್ದರು. ನಾವು ಧೋತರ ನೇಯುತ್ತಿರಲಿಲ್ಲ. ಬೆಳಕು, ನೆರಳು, ಸಪ್ಪಳ, ವಾಸನೆ ನೇಯುತ್ತಿದ್ದೆವು. ಕಲಬುರಗಿಯವರು ಅರ್ಧ ಭಯ, ಅರ್ಧ ಚೇಷ್ಟೆಯಿಂದ ನಮ್ಮದನ್ನು ಜಾದೂ ಶಾಲೆ ಎನ್ನುತ್ತಿದ್ದರು. ಆ ಹೆಸರು ಕೇಳಿದರೆ ನನಗೆ ಮೈ ಉರಿಯುತ್ತಿತ್ತು. ಜಾದೂಗಾರ ಬುಟ್ಟಿಯಿಂದ ಪಾರಿವಾಳ ತೆಗೆದು ತೋರಿಸಿ ಊರು ಬಿಡುತ್ತಾನೆ. ನಾವು ಮಾಡಿಕೊಟ್ಟ ಕೆಲಸಕ್ಕೆ ಮರುವರ್ಷವೂ ಜವಾಬು ಹೇಳಬೇಕಿತ್ತು.

ನಮ್ಮ ವಿದ್ಯೆಯನ್ನು ತಿಳಿಯದವರಿಗೆ ಎರಡು ಮಾತಿನಲ್ಲಿ ಹೇಳುತ್ತೇನೆ. ಬಟ್ಟೆಗೆ ಇರುವಂತೆ ಜಗತ್ತಿಗೂ ಹಾಸು, ಹೊಕ್ಕು ಎಂಬ ಎರಡು ಬಗೆಯ ಎಳೆಗಳಿವೆ. ಉದ್ದಕ್ಕೆ ಬಿಗಿದು ನಿಂತಿರುವುದು ಹಾಸು: ಕಲ್ಲು, ಮಣ್ಣು, ಹುಟ್ಟು, ಸಾವು. ಅದನ್ನು ಯಾರೂ ಮುಟ್ಟುವಂತಿಲ್ಲ. ಅಡ್ಡಕ್ಕೆ ಓಡಾಡುವುದು ಹೊಕ್ಕು: ಬಿಸಿಲು, ನೆರಳು, ದನಿ. ಇದನ್ನು ಒಂದೆಡೆ ಉಗುರಿನಿಂದ ಬಿಡಿಸಿ, ಲಾಳಿಗೆ ಸುತ್ತಿಕೊಂಡು, ಇನ್ನೊಂದೆಡೆ ಹೊಗಿಸಬಹುದು. ಆದರೆ ಇಲ್ಲದ ಎಳೆಯನ್ನು ಹುಟ್ಟಿಸಲು ಬರುವುದಿಲ್ಲ. ಇನ್ನೊಂದು ಕಟ್ಟಳೆಯಿತ್ತು. ಶಾಲೆಯ ಮಾಸ್ತರನು ತನ್ನ ಸ್ವಂತ ನೆರಳಿನ, ದನಿಯ ಎಳೆಯನ್ನು ಬೇರೆಯವರ ಕೆಲಸಕ್ಕೆ ಸೇರಿಸಬಾರದು. ಸೇರಿಸಿದರೆ ಮನಸ್ಸು ಅಲ್ಲಿಯೇ ಸಿಕ್ಕಿಕೊಂಡು ಮುಂದಿನ ಕೆಲಸಕ್ಕೆ ಕೈ ಬರುವುದಿಲ್ಲವೆಂದು ಹಿರಿಯರು ನಂಬಿದ್ದರು.

ಆ ಬೇಸಿಗೆಯಲ್ಲಿ ಸಂಗಮ್ಮ ಎಂಬ ವಿಧವೆ ಕಲಬುರಗಿಯಿಂದ ಚಕ್ಕಡಿಯಲ್ಲಿ ಬಂದಳು. ಕೋಟೆಯ ಕಂದಕದ ಪಕ್ಕ ಅವಳದೊಂದು ಖಾನಾವಳಿ. ಅಂಗಳದ ಬೇವಿನ ಮರದ ಕೆಳಗೆ ಗಂಜಿನ, ಅಂದರೆ ಕಾಳಿನ ಪೇಟೆಯ, ಮೂಟೆ ಹೊರುವ ಹಮಾಲರು ಮಧ್ಯಾಹ್ನ ಸಾಲಾಗಿ ಕೂತು ಉಣ್ಣುತ್ತಿದ್ದರು. ಯುಗಾದಿಯ ಹೊತ್ತಿಗೆ ಬಿರುಗಾಳಿಗೆ ಆ ಮರ ಬಿದ್ದುಹೋಗಿತ್ತು. ಒಲೆಯ ಕಿಡಿಯ ಭಯಕ್ಕೆ ಹುಲ್ಲಿನ ಚಪ್ಪರ ಹಾಕುವಂತಿರಲಿಲ್ಲ. ತಗಡು ಹಾಕಿದರೆ ತಲೆಯ ಮೇಲೆ ಇನ್ನೊಂದು ಒಲೆ ಇಟ್ಟಂತೆ.

“ಬಿಸಲಾಗ ಕುಂತು ರೊಟ್ಟಿ ಯಾರು ತಿಂತಾರ್ರೀ ಮಾಸ್ತರ್ರ?” ಎಂದಳು. “ಒಬ್ಬೊಬ್ಬರೇ ಬಿಟ್ಟು ಹೊಂಟಾರ. ಹಿಂಗೇ ಆದ್ರ ಒಲಿ ಆರಿಸಿ ಸೊಲ್ಲಾಪುರಕ್ಕ ಮೈದುನನ ಮನಿಗೆ ಹೋಗಬೇಕಾಗ್ತದ. ಅಲ್ಲಿ ನಾ ಮಾಡಿದ್ರ ಅದು ಅವರ ಅಡಗಿ. ಇಲ್ಲಿ ಮಾಡಿದ್ರ ನಂದು.”

ಶಾಲೆಯ ಮುಖ್ಯಸ್ಥರು ಮೆಹಬೂಬ ಸಾಹೇಬರು; ಎಲ್ಲರಿಗೂ ಉಸ್ತಾದರು. ಅವರು ಗಡ್ಡ ನೀವಿಕೊಂಡು, “ನೆರಳಿಗೇನು ಬರ ಅದರೀ? ಬಾಜೂಕಿನ ಬಾಳಿ ತ್ವಾಟದಾಗ ಬೇಕಾದಷ್ಟು ಬಿದ್ದದ. ಮಾಲಕರಿಗೆ ಒಂದ್ ಮಾತ್ ಕೇಳಿ ತಗೊಂಡ್ ಹೋಗ್ರಿ,” ಎಂದರು. ನನಗೂ ಅದು ಸರಿಯೆನಿಸಿತು. ಕಮಲಾಪುರದ ಕೆಂಪು ಬಾಳೆಯ ತೋಟದ ನೆರಳು ಒದ್ದೆ ಅರಿವೆಯಷ್ಟು ತಂಪು. ಮಾಲಕರೂ ಒಪ್ಪಿದರು. ಲಾಳಿಗಳ ತುಂಬ ನೆರಳು ಸುತ್ತಿಕೊಂಡು ಕಲಬುರಗಿಗೆ ಹೋಗಿ, ಅಂಗಳದ ಗೋಡೆಯಿಂದ ಗೋಡೆಗೆ ನೇಯ್ದೆ. ತಿಳಿಹಸಿರು ನೆರಳು ಇಳಿಯಿತು. ಹಮಾಲರು ಮರಳಿ ಬಂದರು. ನಾನು ಪುಂಡಿಪಲ್ಯದೊಂದಿಗೆ ರೊಟ್ಟಿ ಹೊಡೆದು, ಮೀಸೆ ತಿರುವುತ್ತ ಊರಿಗೆ ಬಂದೆ.

ಕೆಲವೇ ದಿನಗಳಲ್ಲಿ ಸಂಗಮ್ಮನಿಂದ ಕರೆ ಬಂತು. ಹೋಗಿ ನೋಡಿದರೆ ಅಂಗಳದಲ್ಲಿ ಅಲ್ಲೊಂದು ಇಲ್ಲೊಂದು ನೆರಳಿನ ತುಂಡು. ಬಾಳೆ ಒಮ್ಮೆ ಗೊನೆ ಕೊಟ್ಟರೆ ಮುಗಿಯಿತು, ಅದನ್ನು ಕಡಿಯುತ್ತಾರೆ. ಇದು ಕಮಲಾಪುರದಲ್ಲಿ ಅಂಬೆಗಾಲಿಡುವ ಕೂಸಿಗೂ ಗೊತ್ತು. ಎಳೆಯನ್ನಷ್ಟೇ ನೋಡುವ ನಮ್ಮಂಥವರಿಗೆ ಗಿಡದ ನೆನಪಾಗಲಿಲ್ಲ. ಅಲ್ಲಿ ಒಂದೊಂದು ಬಾಳೆ ಉರುಳಿದಂತೆ ಇಲ್ಲಿ ಉಣ್ಣುವವರ ತಲೆಯ ಮೇಲಿನ ನೆರಳು ಕಳಚಿಬಿದ್ದಿತ್ತು.

“ನಿಮ್ಮ ನೆರಳು ಹರಕ ಚಾದರ ಆಗ್ಯಾದ್ರೀ ಮಾಸ್ತರ್ರ,” ಎಂದಳು ಸಂಗಮ್ಮ. ಬೈಯಲಿಲ್ಲ. ಬೈದಿದ್ದರೆ ಹಗುರಾಗುತ್ತಿದ್ದೆ. ಅವಳು ಬೋಗುಣಿಗಳನ್ನು ಗೋಣಿಚೀಲಕ್ಕೆ ತುಂಬುತ್ತಿದ್ದಳು.

ಕಟ್ಟೆಯ ಮೇಲೆ ಕೂತುಬಿಟ್ಟೆ. ಹಮಾಲರ ಮುಖಂಡ ಲಾಲಪ್ಪ ತನ್ನವರೊಂದಿಗೆ ಬಾಗಿಲಲ್ಲಿ ನಿಂತು, ಒಳಗೆ ಬರಬೇಕೋ ಬೇಡವೋ ಎಂದು ನೋಡುತ್ತಿದ್ದ. ಅವರ ನೆರಳುಗಳು ಪಾದದ ಬುಡದಲ್ಲಿ ಮುದುಡಿದ್ದವು. ಕಡಿಯಲಾಗದ, ದಿನವೂ ಉಣ್ಣುವ ಹೊತ್ತಿಗೆ ತಾನೇ ನಡೆದು ಬರುವ ನೆರಳು ಅಲ್ಲಿಯೇ ಇತ್ತು. ಎದ್ದು ಹೋಗಿ ಲಾಲಪ್ಪನನ್ನು ಕೇಳಿದೆ: ನಿಮ್ಮ ನೆರಳಿನಿಂದ ತಲೆಗೊಂದು ಎಳೆ ಕೊಡುತ್ತೀರಾ?

ಅವನು ಎರಡು ಹೆಜ್ಜೆ ಹಿಂದೆ ಸರಿದ. “ನೆರಳು ಕೊಟ್ರ ಆಯುಷ್ಯ ಕಮ್ಮಿ ಆಗಂಗಿಲ್ಲೇನ್ರೀ?”

“ಆಯುಷ್ಯ ಹಾಸಿನ್ಯಾಗ ಇರ್ತದಪಾ. ಅದನ್ನ ನಾವು ಮುಟ್ಟಂಗಿಲ್ಲ. ಇದು ತಲಿಗೂದಲ ಉದುರಿದಷ್ಟೂ ಗೊತ್ತಾಗಂಗಿಲ್ಲ.”

ಲಾಲಪ್ಪ ಗೋಣಿಚೀಲದ ಬಾಯಿ ಕಟ್ಟುತ್ತಿದ್ದ ಸಂಗಮ್ಮನನ್ನು ನೋಡಿದ. “ಹಂಗಾರ ತಗೋರಿ. ಈಕಿ ಕೈರೊಟ್ಟಿ ತಿಂದೇ ಇದು ಇಷ್ಟು ದಪ್ಪ ಆಗ್ಯಾದ.”

ಮನುಷ್ಯರ ನೆರಳನ್ನು ನಮ್ಮ ಶಾಲೆ ಅಲ್ಲಿಯವರೆಗೆ ಬಳಸಿರಲಿಲ್ಲ. ಉಸ್ತಾದರಿಗೆ ಹೇಳಿಕಳಿಸಿದಾಗ, ಕೇಳಿ ಪಡೆದದ್ದಾದರೆ ಅಡ್ಡಿಯಿಲ್ಲ ಎಂಬ ಜವಾಬು ಬಂತು. ಮರುದಿನ ಬೆಳಿಗ್ಗೆ, ನೆರಳು ಉದ್ದವಾಗಿರುವಾಗ, ಹಮಾಲರು ಒಬ್ಬೊಬ್ಬರಾಗಿ ಗೋಡೆಗೆ ಮುಖ ಮಾಡಿ ನಿಂತರು. ಕೆಲವರು ಕಚಗುಳಿಯಾಗಿ ನಕ್ಕರು. ನಾನು ಎಳೆ ಬಿಡಿಸಿ ನೇಯ್ದೆ.

ಖಾಲಿ ಅಂಗಳದಲ್ಲಿ ಅದು ಜೇಡರ ಬಲೆಯಷ್ಟು ತೆಳುವಾಗಿತ್ತು. ಸಂಗಮ್ಮನ ಮುಖ ಸಣ್ಣದಾಯಿತು. ಆದರೆ ಮಧ್ಯಾಹ್ನ ಲಾಲಪ್ಪ ಒಳಗೆ ಕಾಲಿಟ್ಟಾಗ ಅವನ ಮೇಲೆ ನೆರಳು ಗಟ್ಟಿಯಾಯಿತು. ಇನ್ನೊಬ್ಬ ಬಂದ, ಇನ್ನಷ್ಟು ಗಟ್ಟಿಯಾಯಿತು. ಪಂಕ್ತಿ ತುಂಬುವ ಹೊತ್ತಿಗೆ ಅಂಗಳವೆಲ್ಲ ಬೇವಿನ ಕಾಲದ ತಂಪಿನಲ್ಲಿತ್ತು. ಎಳೆ ತನ್ನ ಒಡೆಯನನ್ನು ಗುರುತಿಸಿ ಬಿಗಿಯುತ್ತಿತ್ತು. ಸಂಗಮ್ಮ ಗೋಣಿಚೀಲ ಬಿಚ್ಚಿದಳು. ನನ್ನ ಕಣ್ಣು ತುಂಬಿ ಬಂತು, ತಪ್ಪನ್ನು ಒಲೆಯ ಹೊಗೆಯ ಮೇಲೆ ಹಾಕಿದೆ.

ಸೊಲ್ಲಾಪುರದ ಮಾತು ಮತ್ತೆ ಬರಲಿಲ್ಲ. ನೆರಳು ಎಲ್ಲಿಯಾದರೂ ತೆಳುವಾಗಿದ್ದರೆ ಯಾರು ಬಂದಿಲ್ಲವೆಂದು ಅವಳಿಗೆ ತಿಳಿಯುತ್ತಿತ್ತು. ಜ್ವರ ಬಂದು ಮಲಗಿದವನಿಗೆ ಗಂಜಿ ಕಳಿಸುತ್ತಿದ್ದಳು. ಕಲಬುರಗಿಗೆ ಹೋದಾಗಲೆಲ್ಲ ನಾನೂ ಅಲ್ಲಿಯೇ ಉಣ್ಣುತ್ತಿದ್ದೆ. ಆದರೆ ಆ ನೇಯ್ಗೆಯಲ್ಲಿ ನನ್ನ ಎಳೆ ಇರಲಿಲ್ಲವಾದ್ದರಿಂದ, ನಾನೆಲ್ಲಿ ಕೂತರೂ ನನ್ನ ತಾಟಿನ ಮೇಲೆ ಬಿಸಿಲು.

“ಎಲ್ಲಾರಿಗೂ ನೆರಳು ಮಾಡಿ ನೀವು ಬಿಸಲಾಗ ಕುಂತೀರಲ್ರೀ,” ಎಂದು ಸಂಗಮ್ಮ ಕಾಡುತ್ತಿದ್ದಳು. ಶಾಲೆಯ ಕಟ್ಟಳೆ ಎನ್ನುತ್ತಿದ್ದೆ. ಅವಳು ಬೀಸಣಿಗೆ ತಂದಿಡುತ್ತಿದ್ದಳು.

ಬಹಳ ವರ್ಷಗಳ ಮೇಲೆ ನಾನು ನೌಕರಿಯಿಂದ ನಿವೃತ್ತನಾಗಿ ಶಾಲೆಗೆ ಲಾಳಿ ಒಪ್ಪಿಸಿದೆ. ಕಟ್ಟಳೆ ಅಲ್ಲಿಗೆ ಮುಗಿಯಿತು. ಮರುದಿನವೇ ಕಲಬುರಗಿಗೆ ಹೋಗಿ, ಬೆಳಗಿನ ಬಿಸಿಲಿಗೆ ಅದೇ ಗೋಡೆಯ ಮುಂದೆ ನಿಂತು, ನನ್ನ ನೆರಳಿನಿಂದ ಒಂದು ಎಳೆ ಬಿಡಿಸಿ ಬರಿಗೈಯಿಂದಲೇ ನೇಯ್ದೆ. ನೆರಳು ಎಲ್ಲಿ ಹೇರಳವಾಗಿದೆಯೆಂದು ಊರೆಲ್ಲ ಹುಡುಕುವ ಬದಲು, ಅದರ ಕೆಳಗೆ ಕೂರುವವರನ್ನೇ ಕೇಳಬೇಕೆಂಬುದು ಆ ಅಂಗಳ ನನಗೆ ಕಲಿಸಿದ ಪಾಠ. ನಾನೂ ಅದರ ಕೆಳಗೆ ಕೂರುವವನೇ ಎಂದು ಒಪ್ಪಲು ಮಾತ್ರ ನಿವೃತ್ತಿಯವರೆಗೆ ಕಾಯಬೇಕಾಯಿತು.

ಮಧ್ಯಾಹ್ನ ಪಂಕ್ತಿಯಲ್ಲಿ ಕೂತೆ. ತಾಟಿನ ಮೇಲಿನ ಬಿಸಿಲು ಮೆಲ್ಲಗೆ ಸರಿಯಿತು. ತಲೆ ನೆರೆತ ಸಂಗಮ್ಮ ರೊಟ್ಟಿ ಬಡಿಸಲು ಬಂದವಳು ಅದನ್ನು ನೋಡಿ ನಿಂತಳು. ಬೀಸಣಿಗೆಯನ್ನು ನನ್ನ ಪಕ್ಕದಿಂದ ಎತ್ತಿಕೊಂಡು, “ಈಗ ನೀವು ನಮ್ಮ ಪಂಕ್ತ್ಯಾಗಿನವರು ಆದ್ರಿ,” ಎಂದಳು.