ಮಂಗಳ ಬರೆಯದ ಓಲೆಗರಿ

ಅಕ್ಕ ಶಸ್ತ್ರಚಿಕಿತ್ಸೆಯನ್ನು ಒಲ್ಲೆನೆಂದಳೆಂಬ ಸುದ್ದಿ ಬಂದಾಗ ನಾನು ಮರಳೂರಿನ ಮನೆಯಲ್ಲಿ ಪೂಜೆಗೆ ಕುಳಿತಿದ್ದೆ. ಫೋನು ಮಾಡಿದವನು ಗುಬ್ಬಿಯಲ್ಲಿರುವ ಅವಳ ಮಗ.

"ಮಾವ, ಅಮ್ಮ ಆಪರೇಷನ್ ಬೇಡ ಅಂತ ಕೂತ್ಬಿಟ್ಟಿದಾಳೆ. ಗ್ರಂಥದಲ್ಲೇ ಬಂದಿದೆಯಂತೆ. ನಿಮ್ಮನೇಲಿ ಹಬ್ಬದ ದಿನ ತೆಗೆದು ನೋಡಿದ್ಲಂತಲ್ಲ, ಆ ಓಲೆಗರಿ."

ಕೈಯಲ್ಲಿದ್ದ ಬಿಲ್ವಪತ್ರೆ ಜಾರಿ ತಟ್ಟೆಗೆ ಬಿತ್ತು. ಆ ಗ್ರಂಥವನ್ನು ರಚಿಸಿದವನು ನಾನು.

ನನ್ನ ಮೊಮ್ಮಗಳು ಕುಣಿಗಲ್ಲಿನ ಕಾಲೇಜೊಂದರಲ್ಲಿ ಪಾಠ ಹೇಳುತ್ತಾಳೆ. ಬಿಡುವಿನಲ್ಲಿ ಕಾದಂಬರಿ ಬರೆಯುತ್ತಾಳೆ. ಅವಳ ಕಾದಂಬರಿಯ ಲೋಕದಲ್ಲಿ ಆಕಾಶಕ್ಕೆ ಇಬ್ಬರು ಚಂದ್ರರು. ನೆಲದಲ್ಲಿ ಕಬ್ಬಿಣವೆಂಬುದೇ ಇಲ್ಲ. ಆ ಜನರಿಗೊಂದು ಪುರಾತನ ಜ್ಞಾನಗ್ರಂಥ ಬೇಕು, ಅದರ ನುಡಿಗಳನ್ನು ನೀವೇ ಹಳಗನ್ನಡದಲ್ಲಿ ಕಟ್ಟಿಕೊಡಿ ತಾತ ಎಂದಳು. ತಂದೆಯವರು ಮಠದಲ್ಲಿ ಓಲೆಗ್ರಂಥಗಳನ್ನು ಪ್ರತಿ ಮಾಡುತ್ತಿದ್ದವರು. ಅವರ ಕಂಟವೆಂಬ ಉಕ್ಕಿನ ಮೊನೆ ಇನ್ನೂ ನನ್ನಲ್ಲಿದೆ. ಅವಳು ತರಿಸಿಕೊಟ್ಟ ಗರಿಗಳ ಮೇಲೆ ಅದರಿಂದಲೇ ಕೊರೆದು, ಮಸಿ ಸವರಿ, ದಾರ ಪೋಣಿಸಿ ಕೊಟ್ಟೆ.

ನವರಾತ್ರಿಯಲ್ಲಿ ಸರಸ್ವತಿಯ ಮುಂದೆ ಪುಸ್ತಕಗಳನ್ನಿಡುವಾಗ ಮೊಮ್ಮಗಳು ಅದನ್ನೂ ತಂದೆಯವರ ಕಟ್ಟುಗಳ ಮೇಲಿಟ್ಟಳು. ಅಕ್ಷರವಿದ್ದದ್ದೆಲ್ಲ ತಾಯಿಯ ರೂಪವೇ ಎಂದು ನಾನೂ ಸುಮ್ಮನಿದ್ದೆ. ವಿಜಯದಶಮಿಯಂದು ಪುಸ್ತಕಗಳನ್ನು ಎತ್ತುವ ಮುನ್ನ ಮನೆಯ ಹಿರಿಯರು ಕಣ್ಮುಚ್ಚಿ ಗರಿಗಳ ನಡುವೆ ಬಿಲ್ವದಳವೊಂದನ್ನು ತೂರಿಸಬೇಕು. ಅದು ನಿಂತೆಡೆಯ ನುಡಿಯೇ ಶಿವನ ಅಪ್ಪಣೆ. ಇದು ನಮ್ಮ ಮನೆಯ ನಡೆ. ಹಿರಿಯಳಾದ ಅಕ್ಕ ಮೇಲಿನ ಕಟ್ಟನ್ನೇ ತೆಗೆದುಕೊಂಡಿದ್ದಳು. ಹೊಟ್ಟೆಯಲ್ಲಿ ಗಡ್ಡೆಯಿದೆ, ತಡಮಾಡದೆ ತೆಗೆಸಬೇಕು ಎಂದು ವೈದ್ಯರು ಆಗಲೇ ಹೇಳಿದ್ದರು. ಅಪ್ಪಣೆಯೇನೆಂದು ಅವಳು ಹೇಳಲಿಲ್ಲ, ನಾನೂ ಕೇಳಲಿಲ್ಲ.

ಫೋನಿಟ್ಟು ಆ ಕಟ್ಟನ್ನು ಬಿಚ್ಚಿದೆ. ಬಾಡಿದ ಬಿಲ್ವದಳ ಅಲ್ಲಿಯೇ ಇತ್ತು. "ಕಬ್ಬುನಂ ಪುಗದ ಮೆಯ್ಯೊಳ್ ಉಸಿರ್ ನಿಲ್ಕುಂ." ಕಬ್ಬಿಣ ಹೊಗದ ಮೈಯಲ್ಲಿ ಉಸಿರು ಉಳಿದು ನೆಲೆಸುವುದು. ಕಬ್ಬಿಣವನ್ನೇ ಕಾಣದ ಜನರಿಗೆಂದು ಹೊಸೆದ ಮಾತು ನನ್ನ ಒಡಹುಟ್ಟಿದವಳನ್ನು ಕೊಲ್ಲಲು ಹೊರಟಿತ್ತು. ಕಟ್ಟನ್ನು ಚೀಲದಲ್ಲಿಟ್ಟುಕೊಂಡು ಹೊರಟು, ಗುಬ್ಬಿಯವರೆಗೆ ಬಸ್ಸಿನಲ್ಲಿ ಪಂಚಾಕ್ಷರಿಯನ್ನು ಜಪಿಸಲು ಯತ್ನಿಸಿದೆ. ನಾಲಗೆಗೆ ಆ ಸಾಲೇ ಬರುತ್ತಿತ್ತು.

ಅಕ್ಕ ಜಗಲಿಯಲ್ಲಿ ಅವರೆಕಾಯಿ ಬಿಡಿಸುತ್ತ ಕುಳಿತಿದ್ದಳು.

"ಅಕ್ಕ, ಇದು ಶಾಸ್ತ್ರ ಅಲ್ಲ. ಮಗು ಕತೆಗೆ ಅಂತ ನಾನೇ ಬರೆದದ್ದು."

ಅವಳು ನಕ್ಕಳು. "ನೀನಾ? ಲಗ್ನಪತ್ರಿಕೆ ಬರಿ ಅಂದ್ರೆ ಮುಹೂರ್ತ ಮುಗಿಯೋವರ್ಗೂ ತಿದ್ತಾ ಕೂತಿದ್ದೋನು ನೀನು!"

"ಅಕ್ಷರ ನೋಡು, ನನ್ನದೇ."

"ಇರ್ಲಿ ಕಣೋ. ಅಪ್ಪ ಪ್ರತಿ ಮಾಡಿದ್ರಲ್ಲೂ ಅಕ್ಷರ ಅಪ್ಪಂದೇ. ಮಾತು ಅಪ್ಪಂದಾ?"

"ಮಾತೂ ನಂದೇ ಅಕ್ಕ."

"ಆಡ್ಸಿದೋನು ಯಾರು? ನೀನೇ ಎಲ್ಲಾರ್ಗೂ ಹೇಳ್ತಿರ್ತೀಯಲ್ಲ, ನಮ್ಮದೇನಿಲ್ಲ, ಆಡ್ಸೋನು ಶಿವ ಅಂತ. ಈಗ ಶಿವನ್ನ ಬಿಟ್ಬಿಟ್ಯಾ?"

ಅವಳ ಮಾತು ನಿಜವಾಗಿದ್ದರೆ ಎಂಬ ಅಂಜಿಕೆ ಆಗ ಮೊದಲ ಸಲ ಎದೆಯಲ್ಲಿ ಆಡಿತು.

ಸೋದರಳಿಯ ನನ್ನನ್ನು ಒಳಮನೆಗೆ ಕರೆದು ಪಿಸುಗುಟ್ಟಿದ: "ಮಾವ, ಇನ್ನೊಂದು ಗರಿ ಬರೆದು ಸೇರಿಸ್ಬಿಡಿ. ಆಪರೇಷನ್ ಮಾಡಿಸ್ಕೋ ಅಂತ, ಹಳೇ ಕನ್ನಡದಲ್ಲಿ."

ಬರೆಯಬಹುದಿತ್ತು. ಸಾಲು ಮನಸ್ಸಿನಲ್ಲಿ ಆಗಲೇ ಮೂಡಿತ್ತು. ಅದು ಅಷ್ಟು ಸಲೀಸಾಗಿ ಮೂಡಿದ್ದಕ್ಕೇ ಹೆದರಿದೆ. ಕತೆಗೆಂದು ಬರೆದದ್ದೇ ಇಷ್ಟು ಮಾಡಿತ್ತು. ಶಿವನ ಹೆಸರಿನಲ್ಲಿ ತಿಳಿದೂ ಸುಳ್ಳು ಕೊರೆದರೆ ಏನು ಮಾಡೀತು! ಆಗದೆಂದು ತಲೆಯಾಡಿಸಿದೆ. ಕಂಟವನ್ನು ನೆನೆದೊಡನೆ ತಂದೆಯವರ ನೆನಪಾಯಿತು; ಅವರ ಕಟ್ಟಳೆಯೂ ನೆನಪಾಯಿತು. ಕೊನೆಯಲ್ಲಿ ದೇವರನ್ನು ನೆನೆದು ಮಂಗಳ ಬರೆಯುವವರೆಗೆ ಅವರು ಯಾವ ಕಟ್ಟನ್ನೂ ಪೀಠಕ್ಕೇರಿಸುತ್ತಿರಲಿಲ್ಲ. ಮುಗಿಯದ ಗ್ರಂಥವನ್ನು ಅಪ್ಪಣೆ ಕೇಳಬಾರದೆಂದು ನಮ್ಮಿಬ್ಬರಿಗೂ ಹೇಳಿಕೊಟ್ಟಿದ್ದರು.

ಜಗಲಿಗೆ ಮರಳಿ, "ಅಕ್ಕ, ಮಂಗಳ ಓದು," ಎಂದೆ.

ಅವಳು ಕನ್ನಡಕ ಸರಿಪಡಿಸಿಕೊಂಡು ಕೊನೆಯ ಗರಿಗೆ ಹೋದಳು. ಅದರ ಬೆನ್ನನ್ನೂ ತಿರುವಿದಳು. ಮಂಗಳವಿರಲಿಲ್ಲ. ಕಲ್ಪನೆಯ ಲೋಕದ ಗ್ರಂಥಕ್ಕೆ ನನ್ನ ಆರಾಧ್ಯನ ಹೆಸರು ಹಚ್ಚಲು ಧೈರ್ಯ ಸಾಲದೆ ಅಷ್ಟನ್ನು ಬಿಟ್ಟಿದ್ದೆ.

"ಮುಗ್ದೇ ಇಲ್ಲ ಇದು," ಎಂದಳು. ಅವಳಿಗೆ ನೆಮ್ಮದಿಯಾದೀತೆಂದು ಭಾವಿಸಿದ್ದೆ. ಅವಳು ಗರಿಯನ್ನು ಪಕ್ಕಕ್ಕಿಟ್ಟಳು. ಮೊರದಲ್ಲಿದ್ದ ಕಾಳು ಸಿಪ್ಪೆಯನ್ನೆಲ್ಲ ಸುಮ್ಮನೆ ಕಲಸಿದಳು.

"ನಂಗೆ ಚಾಕು ಅಂದ್ರೆ ಭಯ ಕಣೋ. ಇದೊಂದ್ ಮಾತು ಹಿಡ್ಕೊಂಡಿದ್ದೆ."

ನಾನು ಅವಳ ಕೈ ಹಿಡಿದುಕೊಂಡೆ. "ನಂಗೂ ಭಯ ಅಕ್ಕ," ಎಂದೆ. ಬೇರೆ ಯಾವ ಸುಭಾಷಿತವೂ ಬರಲಿಲ್ಲ.

ಕೊನೆಗೆ ಒಪ್ಪಿದಳು. ತುಮಕೂರಿನ ಆಸ್ಪತ್ರೆಯಲ್ಲಿ ಶಸ್ತ್ರಚಿಕಿತ್ಸೆಗೆ ಒಳಗೆ ಹೋಗುವ ಮುನ್ನ ಅವಳು ಕೊರಳ ರುದ್ರಾಕ್ಷಿಯನ್ನು ನನ್ನ ಕೈಗಿತ್ತಳು. "ನಾನು ಈಚೆ ಬರೋವರ್ಗೂ ಮಂಗಳ ಬರೀಬೇಡ. ಮುಗ್ಸಿದ್ರೆ ಅದು ಗ್ರಂಥ ಆಗ್ಬಿಡತ್ತೆ." ಬಾಗಿಲ ಹೊರಗೆ ಕುಳಿತಷ್ಟು ಹೊತ್ತೂ ಚೀಲದಲ್ಲಿದ್ದ ಆ ಕಟ್ಟನ್ನು ಬಿಚ್ಚಿ ಬೇರೊಂದು ಸಾಲು ನೋಡೋಣವೆಂದು ನನ್ನ ಬೆರಳುಗಳೇ ಹಂಬಲಿಸುತ್ತಿದ್ದವು. ರುದ್ರಾಕ್ಷಿಯನ್ನು ಬಿಗಿಯಾಗಿ ಹಿಡಿದೆ.

ಅಕ್ಕ ಈಚೆಗೆ ಬಂದಳು. ಗಡ್ಡೆ ಹೋಗಿದೆ, ಆದರೂ ಆಗಾಗ ಪರೀಕ್ಷೆಗೆ ಬರಬೇಕೆಂದಿದ್ದಾರೆ. ಬಂದಾಗಲೆಲ್ಲ ನಮ್ಮಲ್ಲಿ ಕಾಫಿ ಕುಡಿದು ಕೇಳುತ್ತಾಳೆ: "ಬರೆದ್ಯೇನೋ?"

"ಇಲ್ಲ ಅಕ್ಕ."

"ಬೇಡ ಬಿಡು, ಇನ್ನೊಂದಷ್ಟು ದಿನ ಇರ್ಲಿ."

ಕಂಟವನ್ನು ನಾನು ಗೂಡಿನಿಂದ ಕೆಳಗಿಳಿಸಿಲ್ಲ.