ಮುದ್ದಿ ಸುರಿಯದ ಮಡಕೆ

ಮಡಿಕೇರಿಯ ಬಿಯರಿಗೆ ಜೀವ ಬಂದದ್ದು ಒಂದು ಕಳ್ಳಿನ ಮಡಕೆಯಿಂದ, ಆ ಮಡಕೆ ನೀರು ಹೊರುವ ಮುದ್ದಿಯದು! ಇಂಗ್ಲಿಷರ ಕಾಲ, ಹೊಸ ಶತಮಾನ ಇನ್ನೇನು ಹುಟ್ಟಬೇಕು ಅನ್ನುವ ವರ್ಷಗಳು. ಊರಿನ ಇಳಿಜಾರಿನಲ್ಲಿ ಒಬ್ಬ ದೊರೆ ಹೆಂಚಿನ ಶೆಡ್ ಹಾಕಿ, ಒಂದು ತಾಮ್ರದ ಹಂಡೆ, ಒಂದು ಮರದ ಕೊಪ್ಪರಿಗೆ ಇಟ್ಟುಕೊಂಡು, ಎಸ್ಟೇಟಿನ ದೊರೆಗಳಿಗೆಲ್ಲ ಇಲ್ಲೇ ಬಿಯರ್ ಮಾಡಿ ಕುಡಿಸುತ್ತೇನೆ ಎಂದು ಹೊರಟಿದ್ದ. ಬಾರ್ಲಿ ಮೊಳಕೆ ಬಂತು, ಹುರಿದದ್ದಾಯಿತು, ಕುದಿಸಿ ಸಿಹಿ ರಸ ತೆಗೆದದ್ದೂ ಆಯಿತು. ಆದರೆ ಆ ರಸವನ್ನು ಹುಳಿಯೆಬ್ಬಿಸಬೇಕಾದ ಈಸ್ಟ್ ಹಡಗಿನಲ್ಲಿ ಬರುವಾಗಲೇ ಸತ್ತುಹೋಗಿತ್ತು. ಮೂರು ದಿನವಾದರೂ ಕೊಪ್ಪರಿಗೆಯ ರಸ ಪಾತ್ರೆ ತೊಳೆದ ನೀರಿನ ಹಾಗೆ ಸುಮ್ಮನೆ ಬಿದ್ದಿತ್ತು.

ಬಿಂದಿಗೆ ಇಳಿಸಲು ಬಂದ ಮುದ್ದಿ ಕೊಪ್ಪರಿಗೆಗೆ ಕಿವಿ ಇಟ್ಟಳು. ಕಳ್ಳಿನ ಮಡಕೆ ಹದಕ್ಕೆ ಬಂತೋ ಇಲ್ಲವೋ ಎಂದು ಅವರ ಮನೆಯಲ್ಲಿ ನೋಡುತ್ತಿದ್ದದ್ದೇ ಹಾಗೆ, ಕಿವಿಯಿಂದ. ಜೀವ ಇದ್ದರೆ ಒಳಗೆ ಸಣ್ಣ ಮಳೆ ಬಿದ್ದಂತೆ ಸದ್ದು.

"ಇದು ಉಸಿರಾಡ್ತಿಲ್ಲ ರೈಟ್ರೇ," ಎಂದಳು.

ರೈಟರ್ ಕರಿಬಸಪ್ಪ ಸೋಮವಾರಪೇಟೆ ಕಡೆಯವರು. ಹಣೆ ತುಂಬ ವಿಭೂತಿ, ಜನ್ಮದಲ್ಲಿ ಒಂದು ತೊಟ್ಟು ಕುಡಿದವರಲ್ಲ. ದೊರೆಯ ಮಾತನ್ನು ಕೆಲಸದವರಿಗೆ, ಕೆಲಸದವರ ಮಾತನ್ನು ದೊರೆಗೆ ದಾಟಿಸುವುದು ಅವರ ಕೆಲಸ.

"ನಿನ್ನ ಕಿವಿಗೆ ಬೇರೆ ಸಂಬಳ ಕೊಡ್ತಾರೇನೇ? ನೀರು ಹೊರು, ಹೋಗು."

"ಕೊಟ್ರೆ ಬೇಡ ಅನ್ನಲ್ಲ. ನಮ್ಮೋರು ಬೈನೆ ಮರದಿಂದ ಇಳಿಸಿದ ಕಳ್ಳಿನ ಮಡ್ಡಿ, ತಳದ ಗಸಿ, ಮನೇಲಿದೆ, ಒಂದು ಚಿಪ್ಪು ಹಾಕಿ ನೋಡಲಾ?"

"ಶಿವ ಶಿವಾ! ದೊರೆ ಕುಡಿಯೋ ಬಿಯರಿಗೆ ಹೆಂಡದ ಮಡ್ಡಿಯಾ?"

"ದೊರೆ ಕುಡಿಯೋದೇನು ತೀರ್ಥವಾ ರೈಟ್ರೇ?"

ಕರಿಬಸಪ್ಪ ಇದನ್ನು ಇಂಗ್ಲಿಷಿನಲ್ಲಿ ಹೇಗೆ ಹೇಳಿದರೋ, ದೊರೆ ಹೊಟ್ಟೆ ಹಿಡಿದುಕೊಂಡು ನಕ್ಕು, ಹಾಕಲಿ ಎಂದ. ಮಾರನೆ ದಿನ ಬೆಳಿಗ್ಗೆ ನೋಡಿದರೆ ನೊರೆ ಕೊಪ್ಪರಿಗೆಯ ಬಾಯಿ ದಾಟಿ, ನೆಲಕ್ಕಿಳಿದು, ಬಾಗಿಲವರೆಗೆ ಬಂದಿತ್ತು!

ಆಮೇಲೆ ಏನು ಬೆಳೆಯಿತು ಅಂತೀರಿ! ಒಂದು ಕೊಪ್ಪರಿಗೆ ಇದ್ದದ್ದು ಎರಡಾಯಿತು, ಎರಡು ಇದ್ದದ್ದು ಐದಾಯಿತು. ಪೀಪಾಯಿ ಮಾಡುವ ಬಡಗಿಗಳು ಬಂದರು, ಬಾಟಲಿ ತೊಳೆಯುವ ಹೆಂಗಸರು ಬಂದರು, ಪೀಪಾಯಿ ಹೊತ್ತ ಗಾಡಿಗಳು ಒಂದು ಕಡೆ ಭಾಗಮಂಡಲದ ದಾರಿ, ಇನ್ನೊಂದು ಕಡೆ ಕುಟ್ಟದವರೆಗೆ ಹೊರಟವು. ಬೇರೆಯವರ ಕಳ್ಳಿನ ಮಡ್ಡಿ ತಂದು ಹಾಕಿದಾಗಲೆಲ್ಲ ಬಿಯರ್ ಹುಳಿಯಾಗಿ ಕೆಟ್ಟಿತು. ಮುದ್ದಿಯ ಮಡಕೆಯದೊಂದೇ ಆ ಬಾರ್ಲಿ ರಸಕ್ಕೆ ಒಗ್ಗಿಕೊಂಡದ್ದು.

ಮಳೆಗಾಲದಲ್ಲಿ ಫ್ಯಾಕ್ಟರಿ ಮುಚ್ಚುತ್ತಿತ್ತು. ಶೆಡ್ಡಿನ ಚಳಿಗೆ ಮಡ್ಡಿ ಸತ್ತುಹೋಗುತ್ತದೆ ಎಂದು ಮುದ್ದಿ ಮಡಕೆಯನ್ನು ಕೂಲಿ ಲೈನಿನ ತನ್ನ ಮನೆಗೆ ಒಯ್ದು ಒಲೆಯ ಪಕ್ಕ ಇಟ್ಟುಕೊಳ್ಳುತ್ತಿದ್ದಳು. ದಿನಕ್ಕೆ ಒಂದು ಚಿಪ್ಪು ಬೆಲ್ಲದ ನೀರು, ಹೊದೆಯಲು ಗಂಡ ಮಾರನ ಕಂಬಳಿ.

"ನನ್ನ ಹೆಂಡ್ತಿಗೆ ಇಬ್ರು ಗಂಡಂದಿರು," ಎಂದು ಮಾರ ಲೈನಿಗೆಲ್ಲ ಹೇಳಿಕೊಂಡು ತಿರುಗುತ್ತಿದ್ದ. "ಒಬ್ಬನಿಗೆ ಕೈಕಾಲಿಲ್ಲ, ಕಂಬಳಿ ಮಾತ್ರ ಅವನಿಗೇ."

"ಅವನು ಕೊಟ್ಟಷ್ಟು ತಿಂದು ಸುಮ್ನಿರ್ತಾನೆ. ನಿಮ್ಮ ಹಾಗೆ ಉಪ್ಪಿಲ್ಲ, ಹುಳಿಯಿಲ್ಲ ಅಂತ ಗೊಣಗಲ್ಲ."

ಒಂಬತ್ತನೇ ಮಳೆಗಾಲ, ಮಳೆ ಬಿಡದೆ ಹೊಯ್ಯುವ ಕಕ್ಕಡ ತಿಂಗಳು. ಮಾರನಿಗೆ ಜ್ವರ ಬಂತು. ಐದನೇ ದಿನ ಬೆಳಿಗ್ಗೆ ಗಂಜಿ ಬೇಡ ಎಂದವನು ಮಧ್ಯಾಹ್ನದ ಹೊತ್ತಿಗೆ ಇರಲಿಲ್ಲ.

ಅವರ ಜನದಲ್ಲಿ ಒಂದು ಕಟ್ಟು ಇತ್ತು. ಹೆಣ ಎತ್ತುವ ಮೊದಲು ಮನೆಯ ಮಡಕೆ, ಬಿಂದಿಗೆ, ಕುಡಿಕೆಯಲ್ಲಿ ಏನೇ ಇರಲಿ, ಹೆಂಡತಿ ತನ್ನ ಕೈಯಾರೆ ಹೊರಗೆ ಸುರಿದುಬಿಡಬೇಕು. ಒಂದು ಮಡಕೆ ತುಂಬಿ ಉಳಿದರೂ ಸತ್ತವನು, ಮನೆಯಲ್ಲಿ ನನ್ನ ಪಾಲು ಇನ್ನೂ ಇದೆ ಎಂದು ಮಣ್ಣು ಮಾಡಿದ ಜಾಗದಲ್ಲೇ ನಿಂತುಬಿಡುತ್ತಾನೆ, ಅವನಿಗೆ ದಾರಿ ಸಿಗುವುದಿಲ್ಲ.

ಮುದ್ದಿ ನೀರು ಸುರಿದಳು. ಮಜ್ಜಿಗೆ ಸುರಿದಳು, ಉಪ್ಪಿನಕಾಯಿ ಸುರಿದಳು. ಮಡ್ಡಿಯ ಮಡಕೆ ಎತ್ತಿಕೊಂಡು ಬಾಗಿಲವರೆಗೆ ಬಂದು ನಿಂತಳು. ಇದನ್ನು ಸುರಿದರೆ ಮಳೆ ಬಿಟ್ಟ ಮೇಲೆ ಕೊಪ್ಪರಿಗೆಗೆ ಹಾಕುವುದೇನನ್ನು? ಲೈನಿನ ಮೂವತ್ತು ಮನೆ ಒಲೆ ಹಚ್ಚುವುದು ಹೇಗೆ? ಒಂದು ಚೊಂಬು ಪಕ್ಕದವರಿಗೆ ಕೊಟ್ಟಿಡೋಣ ಎಂದರೆ ಸಾವಿನ ಮನೆಯದನ್ನು ಯಾರೂ ಮುಟ್ಟರು. ದೊರೆ ಊಟಿಯಲ್ಲಿ. ಮಡಕೆ ಅವಳ ತೋಳಿನಲ್ಲಿ ಬೆಚ್ಚಗೆ ಸದ್ದು ಮಾಡುತ್ತಿತ್ತು, ಮಾರನ ಕೈ ಇಳಿಸಿದ ಕಳ್ಳು ಅದರೊಳಗೆ ಇನ್ನೂ ಉಸಿರಾಡುತ್ತಿತ್ತು. ಅವಳು ಒಳಗೆ ಹೋಗಿ ಅದರ ಮೇಲೆ ಕುಕ್ಕೆ ಕವುಚಿದಳು.

ಮೂರನೇ ದಿನ ಭಾಗಮಂಡಲದಿಂದ ಮಾರನ ಅಣ್ಣ ಅಪ್ಪಯ್ಯ ಬಂದ. ಕುಕ್ಕೆ ನೋಡಿದ, ಎತ್ತಿದ, ಅಲ್ಲೇ ಕೂತ.

"ಏನು ಮಾಡಿಬಿಟ್ಟೆ ಮುದ್ದಿ? ಅವನು ಮಳೇಲಿ ನಿಂತಿದಾನಲ್ಲೇ."

"ಮೂವತ್ತು ಮನೆ ಭಾವ..."

"ಮೂವತ್ತು ಮನೆಗೂ ನನ್ನ ತಮ್ಮನೇ ಸಿಕ್ಕಿದನಾ?"

ಕೊನೆಗೆ ಅಪ್ಪಯ್ಯನೇ ದಾರಿ ಹೇಳಿದ. ಸತ್ತವನಿಗೆ ಇನ್ನು ಬಾಗಿಲು ತೆರೆಯುವುದು ವರ್ಷ ತುಂಬಿದ ದಿನ, ಅದೂ ಒಂದೇ ಸಲ. ಆ ದಿನ ಇದೇ ಮಡಕೆಯಿಂದ, ಜೀವ ಇರುವ ಇದೇ ಮಡ್ಡಿಯನ್ನು ಅವಳು ತನ್ನ ಕೈಯಿಂದಲೇ ಅವನ ಮಣ್ಣಿನ ಮೇಲೆ ಸುರಿಯಬೇಕು. ಅಲ್ಲಿಯವರೆಗೆ ಕಾಪಾಡು.

ಆ ವರ್ಷ ಮುದ್ದಿ ಮಡಕೆಯನ್ನು ನೋಡಿಕೊಂಡಷ್ಟು ಯಾರೂ ಕೂಸನ್ನೂ ನೋಡಿಕೊಂಡಿರಲಿಕ್ಕಿಲ್ಲ. ಫ್ಯಾಕ್ಟರಿಗೂ ಅದೇ ವರ್ಷ ಸುಗ್ಗಿ. ಕಲ್ಲಿನ ಕಟ್ಟಡ ಎದ್ದಿತು, ಬಾಯ್ಲರ್ ಬಂತು, ಬೆಂಗಳೂರಿನಿಂದ ಬಿಯರ್ ಮಾಡಿಸುವ ಹೊಸ ಮೇಸ್ತ್ರಿ ಬಂದ. ಅವನ ಪೆಟ್ಟಿಗೆಯಲ್ಲಿ ಬಿಗಿಯಾಗಿ ಮುಚ್ಚಿದ ತಗಡಿನ ಡಬ್ಬಿ, ಡಬ್ಬಿಯಲ್ಲಿ ಸಾಯದೆ ಬಂದ ಇಂಗ್ಲೆಂಡಿನ ಈಸ್ಟ್! ದೊರೆ ಊರಿಗೆಲ್ಲ ಮಿಠಾಯಿ ಹಂಚಿಸಿದ. ಕರಿಬಸಪ್ಪ ಮಾತ್ರ ಮುದ್ದಿಯನ್ನು ಕಂಡು ಮುಖ ತಿರುಗಿಸಿಕೊಂಡರು.

ಮಳೆ ಆ ಸಲ ತಡವಾಗಿತ್ತು, ವರ್ಷದ ದಿನಕ್ಕೆ ಇನ್ನು ಇಪ್ಪತ್ತು ದಿನ. ಮಡಕೆಯನ್ನು ಮಳೆಗಾಲಕ್ಕೆ ಮನೆಗೆ ಒಯ್ಯಬೇಕೆಂದು ಮುದ್ದಿ ಬೆಳಿಗ್ಗೆಯೇ ಶೆಡ್ಡಿಗೆ ಹೋದಳು. ಬಾಗಿಲಲ್ಲಿ ಕೊಪ್ಪರಿಗೆ ಉಜ್ಜುವ ನಿಂಗ ನಗುತ್ತಾ ನಿಂತಿದ್ದ, ಕೈಯಲ್ಲಿ ಅವಳ ಮಡಕೆ.

"ತಗೋ ಮುದ್ದಕ್ಕ. ಹಳೇ ಮಡಕೆಯೆಲ್ಲ ಬಿಸಾಡಿ ಅಂದ ಮೇಸ್ತ್ರಿ. ನಿನ್ನದು ಅಂತ ನಾನೇ ಎತ್ತಿಟ್ಟೆ. ಬಿಸಿನೀರು ಹಾಕಿ ಮೂರು ಸಲ ತೊಳೆದಿದೀನಿ, ನೋಡು, ಹೊಸದರ ಹಾಗಿದೆ!"

ಮುದ್ದಿ ಮಡಕೆಯೊಳಗೆ ಕೈ ಹಾಕಿದಳು. ಸುತ್ತ ಸವರಿದಳು. ಬೆರಳಿಗೆ ಏನೂ ಹತ್ತಲಿಲ್ಲ.

"ಯಾಕಕ್ಕ, ಸರಿಯಾಗಿ ಹೋಗಿಲ್ವಾ?" ಎಂದ ನಿಂಗ.

"ಸರಿಯಾಗಿ ಹೋಗಿದೆ ನಿಂಗ," ಎಂದಳು.

ಅವಳು ನೇರ ಕರಿಬಸಪ್ಪನವರ ಮೇಜಿನ ಮುಂದೆ ಹೋಗಿ ನಿಂತಳು. ಬೈಯಲಿಲ್ಲ, ಅಳಲಿಲ್ಲ. ಹಳೆಯ ಮಡ್ಡಿಯಿಂದ ಮಾಡಿದ ಪೀಪಾಯಿ ಎಲ್ಲಾದರೂ ಉಳಿದಿದೆಯೇ ಎಂದು ಕೇಳಿದಳು. ಪೀಪಾಯಿಯ ತಳದಲ್ಲಿ ಗಸಿ ನಿಲ್ಲುತ್ತದೆ, ಆ ಗಸಿಯೂ ಅದೇ ಮಡ್ಡಿಯ ಸಂತಾನ. ಕರಿಬಸಪ್ಪ ಪುಸ್ತಕ ತೆರೆಯಲೂ ಇಲ್ಲ, ನೆನಪಿನಿಂದಲೇ ಹೇಳಿದರು: "ಕೊನೇದು ಬಿಟ್ಟಂಗಾಲದ ಎಸ್ಟೇಟಿಗೆ ಹೋಯ್ತು. ಆ ಕಡೆಗೆ ಇನ್ನೊಂದು ಗಾಡಿ ಇವತ್ತೇ ಹೊರಡುತ್ತೆ, ಹತ್ತು. ನಾನು ಹೇಳ್ತೀನಿ ಗಾಡಿಯವನಿಗೆ." ಆಮೇಲೆ ಮೆಲ್ಲಗೆ, "ಮುದ್ದಿ, ನನಗೆ ಗೊತ್ತಿತ್ತು ಬಿಸಾಡ್ತಾರೆ ಅಂತ. ಮಡ್ಡಿ ತಾನೇ ಅಂದುಕೊಂಡೆ," ಎಂದರು.

ಎರಡು ದಿನ ಗಾಡಿಯಲ್ಲಿ ಕುಲುಕಿ ಬಿಟ್ಟಂಗಾಲ ತಲುಪಿದಳು. ಬಂಗಲೆಯ ಅಡುಗೆಮನೆಯಲ್ಲಿ ದೊಡ್ಡಿ ಎನ್ನುವ ಆಳು ಹೆಂಗಸು ಹಿಟ್ಟು ಕಲಸುತ್ತಿದ್ದಳು.

"ಏನಕ್ಕ, ಪೀಪಾಯಿ ತಳದ ಕೆಸರಿಗೋಸ್ಕರ ಮಡಿಕೇರಿಯಿಂದ ಬಂದ್ಯಾ? ತಲೆಗೆ ಮಳೆನೀರು ಇಳಿದಿದೆಯಾ ಹೇಗೆ?"

"ನಮ್ಮೋರು ದಾರಿ ಸಿಗದೆ ನಿಂತಿದಾರೆ ತಂಗಿ."

ದೊಡ್ಡಿಯ ನಗು ನಿಂತಿತು. ಕೈ ಒರೆಸಿಕೊಂಡು ಒಂದು ಚಿಪ್ಪು ಗಸಿ ತಂದಳು. "ಅಪ್ಪದ ಹಿಟ್ಟಿಗೆ ಅಂತ ಇಟ್ಟಿದ್ದೆ. ಎಲ್ಲಾ ತಗೋ. ಆದ್ರೆ ಸುಳ್ಳು ಹೇಳಲ್ಲ ಅಕ್ಕ, ಹೋದ ವಾರದಿಂದ ಇದಕ್ಕೆ ಹಿಟ್ಟು ಏಳ್ತಿಲ್ಲ."

ಮುದ್ದಿ ಅದನ್ನು ಮಡಕೆಗೆ ಹಾಕಿಕೊಂಡು ಮನೆಗೆ ಬಂದಳು. ಬೆಲ್ಲದ ನೀರು ಕೊಟ್ಟಳು, ಗಂಜಿ ತಿಳಿ ಕೊಟ್ಟಳು, ಕಂಬಳಿ ಹೊದೆಸಿ ಎದೆಗೆ ಒತ್ತಿಕೊಂಡು ಕೂತಳು. ದಿನಕ್ಕೆ ಹತ್ತು ಸಲ ಕಿವಿ ಇಟ್ಟಳು. ಹೆಂಚಿನ ಮೇಲೆ ಬೀಳುವ ಮಳೆ ಕೇಳಿಸುತ್ತಿತ್ತು, ಬೇರೇನೂ ಇಲ್ಲ.

ವರ್ಷದ ದಿನ ಅಪ್ಪಯ್ಯ ಬಂದ. ಇಬ್ಬರೂ ಲೈನಿನ ಕೆಳಗಿನ ಗುಡ್ಡ ಇಳಿದು ಮಾರನ ಮಣ್ಣಿನ ಹತ್ತಿರ ನಿಂತರು. ಅಪ್ಪಯ್ಯ ಮಡಕೆಗೆ ಕಿವಿ ಇಟ್ಟ. ಬಹಳ ಹೊತ್ತು ಇಟ್ಟುಕೊಂಡೇ ಇದ್ದ. ತಮ್ಮನ ಹೆಂಡತಿಯ ಮುಖ ನೋಡಿದ.

"ಕೇಳ್ತಿದೆ," ಎಂದ. "ಸಣ್ಣಗೆ ಕೇಳ್ತಿದೆ. ಸುರಿ."

"ಇಲ್ಲ ಭಾವ."

"ನಾನು ಹಿರಿಯ ಹೇಳ್ತಿದೀನಿ, ಸುರಿ ಮುದ್ದಿ. ಅವನಿಗೆ ಅಷ್ಟು ಸಾಕು."

"ಅವರು ಕಳ್ಳು ಇಳಿಸಿದೋರು ಭಾವ. ಸತ್ತ ಮಡ್ಡಿ ಯಾವುದು ಅಂತ ಅವರಿಗೆ ಗೊತ್ತಾಗಲ್ವಾ?"

ಅಪ್ಪಯ್ಯ ಟವಲಿನಿಂದ ಮುಖ ಮುಚ್ಚಿಕೊಂಡ. ಮುದ್ದಿ ಮಡಕೆಯನ್ನು ಪಕ್ಕಕ್ಕಿಟ್ಟು ಮಣ್ಣಿನ ಹತ್ತಿರ ಕೂತಳು, ಒದ್ದೆ ಹುಲ್ಲಿನ ಮೇಲೆ ಕೈಯಿಟ್ಟಳು.

"ತಪ್ಪಾಯ್ತು," ಎಂದಳು. "ದಾರಿ ನಾನೇ ಮುಚ್ಚಿದೆ. ಇಲ್ಲೇ ಎಷ್ಟು ದಿನ ನೆನೀತೀರಿ? ಬನ್ನಿ, ಮನೆಗೆ ಹೋಗೋಣ."

ಎದ್ದು ಓಲೆ ಕೊಡೆ ಎತ್ತಿ ಹಿಡಿದಳು. ಆ ದಿನ ಲೈನಿನ ಜನ ಬಾಗಿಲಲ್ಲಿ ನಿಂತು ನೋಡಿದರು. ಮುದ್ದಿ ಗುಡ್ಡದ ದಾರಿಯ ಒಂದು ಬದಿಗೆ ಸರಿದುಕೊಂಡು, ಯಾರೋ ವಯಸ್ಸಾದವರ ಜೊತೆ ಬರುವಷ್ಟು ನಿಧಾನಕ್ಕೆ ಹತ್ತಿ ಬರುತ್ತಿದ್ದಳು. ಕೊಡೆ ಎಡಕ್ಕೆ ವಾಲಿತ್ತು. ಅವಳ ಬಲಗಡೆಯ ಭುಜ, ಸೆರಗು, ಕೈ, ಪೂರ್ತಿ ನೆನೆದು ನೀರು ಇಳಿಯುತ್ತಿತ್ತು.