ಸೊನ್ನೆಯೋ, ಒಂದೋ?

ದಮಯಂತಿಯ ಕೆಲಸ ಎಂಥದ್ದೆಂದು ಅವಳ ಗಂಡನಿಗೇ ಹದಿನಾಲ್ಕು ವರ್ಷವಾದರೂ ತಲೆಗೆ ಹೋಗಿರಲಿಲ್ಲ. "ಆಸ್ಪತ್ರೆಯಲ್ಲಿ ಕಾಗದ ನೋಡ್ತಾಳೆ" ಎಂದು ಕೇಳಿದವರಿಗೆ ಹೇಳಿ ಕೈತೊಳೆದುಕೊಳ್ಳುತ್ತಿದ್ದ. ಪಾಪ, ಅವನದೇನು ತಪ್ಪು! ಕಾಸರಗೋಡಿನ ಆ ಖಾಸಗಿ ಆಸ್ಪತ್ರೆಯ ಕೆಳಗಂತಸ್ತಿನಲ್ಲಿ, ಕಿಟಕಿಯೇ ಇಲ್ಲದ ರೆಕಾರ್ಡ್ ರೂಮಿನಲ್ಲಿ ಕೂತು ಅವಳು ಮಾಡುತ್ತಿದ್ದದ್ದು ಇಷ್ಟೇ: ಡಾಕ್ಟರು ಗೀಚಿದ ರೋಗದ ಹೆಸರನ್ನು ಓದುವುದು, ದಪ್ಪ ಪುಸ್ತಕದಲ್ಲಿ ಅದಕ್ಕೊಂದು ಕೋಡ್ ಹುಡುಕುವುದು, ಕಂಪ್ಯೂಟರಿಗೆ ಹಾಕುವುದು. ಡಾಕ್ಟರರ ಅಕ್ಷರವೋ, ಕೋಳಿ ಕೆದಕಿದ ಅಂಗಳ! ಅದನ್ನು ಓದಬಲ್ಲವಳು ಇಡೀ ಆಸ್ಪತ್ರೆಯಲ್ಲಿ ಅವಳೊಬ್ಬಳೇ. ಹಾಗೆಂದು ಯಾರಾದರೂ ಅವಳನ್ನು ಲೆಕ್ಕಕ್ಕೆ ತೆಗೆದುಕೊಂಡದ್ದುಂಟೇ? ಇಲ್ಲ.

2013ರ ಒಂದು ಗುರುವಾರ ಬೆಳಿಗ್ಗೆ ಅವಳ ಮೇಜಿನ ಮೇಲೆ ಒಂದು ಫೈಲು ಬಂತು. ಉಮ್ಮಾಲಿಮ್ಮ, ಅರವತ್ತೆರಡು ವರ್ಷ, ವರ್ಕಾಡಿ. ಮನೆಯ ಕೆಳಗೆ ಹರಿಯುವ ತೋಡಿಗೆ ಇಳಿಯುವ ಕಲ್ಲಿನ ಮೆಟ್ಟಿಲಲ್ಲಿ ಜಾರಿ ಬಿದ್ದು ಬಲತೋಳಿನ ಎಲುಬು ಮುರಿದಿದೆ. ಹಿಂದಿನ ದಿನ ದಾಖಲಾಗಿದ್ದಾರೆ. ಸದ್ಯಕ್ಕೆ ಪ್ಲಾಸ್ಟರಿನ ಪಟ್ಟಿ ಕಟ್ಟಿದೆ, ಶನಿವಾರ ಆಪರೇಷನ್.

ತೋಳಿನ ಎಲುಬಿನ ಕೋಡ್ ಅವಳಿಗೆ ಬಾಯಿಪಾಠ. ಎಸ್ ನಲವತ್ತೆರಡು, ಪಾಯಿಂಟ್ ಮೂರು. ಅದರ ಬಾಲಕ್ಕೆ ಇನ್ನೊಂದು ಅಂಕೆ ಬೇಕು: ಚರ್ಮ ಹರಿಯದೆ ಒಳಗೇ ಮುರಿದಿದ್ದರೆ ಸೊನ್ನೆ, ಚರ್ಮ ಹರಿದು ಗಾಯ ಎಲುಬಿನ ತನಕ ಹೋಗಿದ್ದರೆ ಒಂದು. ಡಾಕ್ಟರು ಎರಡರಲ್ಲಿ ಒಂದನ್ನೂ ಬರೆದಿರಲಿಲ್ಲ. ಬರೆಯದಿದ್ದರೆ ಸೊನ್ನೆ ಹಾಕು ಎನ್ನುತ್ತದೆ ಪುಸ್ತಕದ ನಿಯಮ. ಬೇರೆ ಯಾರೇ ಆಗಿದ್ದರೂ ಸೊನ್ನೆ ಒತ್ತಿ ಚಹಾಕ್ಕೆ ಏಳುತ್ತಿದ್ದರು. ದಮಯಂತಿಯೂ ಒತ್ತಿದಳು. ಒತ್ತಿದ ಮೇಲೆ ಫೈಲು ಮುಚ್ಚಲು ಹೋದವಳ ಕಣ್ಣು ಒಂದು ಸಾಲಿನ ಮೇಲೆ ನಿಂತಿತು. ಬಿದ್ದದ್ದು ಬೆಳಿಗ್ಗೆ ಏಳಕ್ಕೆ. ಬಂದದ್ದು ಸಂಜೆ ನಾಲ್ಕಕ್ಕೆ.

ಒಂಬತ್ತು ಗಂಟೆ! ವರ್ಕಾಡಿಯಿಂದ ಕಾಸರಗೋಡಿಗೆ ನಡೆದುಕೊಂಡು ಬಂದರೂ ಅಷ್ಟು ಹೊತ್ತು ಬೇಡ. ದಮಯಂತಿ ಹುಟ್ಟಿದ ಊರೂ ವರ್ಕಾಡಿಯೇ. ಎಲುಬು ಮುರಿದವರು ಆ ಒಂಬತ್ತು ಗಂಟೆ ಎಲ್ಲಿರುತ್ತಾರೆಂದು ಅವಳಿಗೆ ಯಾರೂ ಹೇಳಿಕೊಡಬೇಕಾಗಿರಲಿಲ್ಲ. ನಾಟಿ ವೈದ್ಯರ ಜಗಲಿಯಲ್ಲಿರುತ್ತಾರೆ. ಅವಳು ಮತ್ತೆ ಫೈಲು ತಿರುವಿದಳು. ಬೆಳಿಗ್ಗೆ ನರ್ಸು ಬರೆದದ್ದು: ಜ್ವರ ನೂರ ಒಂದು. ಮುರಿದವರಿಗೆ ಸಣ್ಣ ಜ್ವರ ಬರುವುದುಂಟು. ಹೌದು, ಉಂಟು. ಆದರೂ ಅವಳು ಚಪ್ಪಲಿ ಮೆಟ್ಟಿ ಮೆಟ್ಟಿಲು ಹತ್ತಿದಳು.

ವಾರ್ಡಿನಲ್ಲಿ ಉಮ್ಮಾಲಿಮ್ಮ ಕಣ್ಣು ಮುಚ್ಚಿ ಮಲಗಿದ್ದರು. ರವಿಕೆಯಂಥ ಉದ್ದ ತೋಳಿನ ಕುಪ್ಪಾಯ, ಅದರ ಮೇಲೆಯೇ ಹತ್ತಿ, ಅದರ ಮೇಲೆ ಪ್ಲಾಸ್ಟರು. ಗಂಡು ಡಾಕ್ಟರ ಎದುರು ಕುಪ್ಪಾಯ ತೆಗೆಯಲು ಮುದುಕಿ ಸುತರಾಂ ಒಪ್ಪಿರಲಿಲ್ಲ. ಹೊಸದಾಗಿ ಸೇರಿದ ಡ್ಯೂಟಿ ಡಾಕ್ಟರು ಮರ್ಯಾದೆಗೆ ಅಂಜಿ ಬಟ್ಟೆಯ ಮೇಲೆಯೇ ಕಟ್ಟಿಬಿಟ್ಟಿದ್ದರು. ಎಲುಬೇನೋ ಎಕ್ಸ್‌ರೇಯಲ್ಲಿ ಕಂಡಿತು. ಚರ್ಮವನ್ನು ನೋಡಿದವರು ಯಾರು?

"ಬಿದ್ದ ಮೇಲೆ ಮೊದಲು ಎಲ್ಲಿಗೆ ಹೋದದ್ದು?" ದಮಯಂತಿ ಮಂಚದ ಪಕ್ಕ ಕೂತಿದ್ದ ಮುದುಕಿಯ ಮಗಳು ನುಸೈಬಾಳನ್ನು ಕೇಳಿದಳು.

"ಎಲ್ಲಿಗೂ ಇಲ್ಲ ಅಕ್ಕಾ. ನಾವು ನೇರ ಇಲ್ಲಿಗೇ ಬಂದದ್ದು."

ದಮಯಂತಿಗೆ ಎಷ್ಟೋ ವರ್ಷಗಳ ಹಿಂದಿನ ಒಂದು ಆಸ್ಪತ್ರೆ ನೆನಪಾಯಿತು. ಅದೇ ಮಾತು, ಅಕ್ಷರಕ್ಕೆ ಅಕ್ಷರ ಅದೇ. ಗೋಡೆಯ ಗಡಿಯಾರದಲ್ಲಿ ಹನ್ನೊಂದಕ್ಕೆ ಹತ್ತು ನಿಮಿಷ. ಎಲುಬಿನ ಡಾಕ್ಟರು ಈಶ್ವರಪ್ರಸಾದರು ಹನ್ನೊಂದಕ್ಕೆ ಹೊರಟರೆ ಮತ್ತೆ ಬರುವುದು ಶನಿವಾರವೇ.

ಅವಳು ಬಗ್ಗಿ ಕುಪ್ಪಾಯದ ಕಂಕುಳ ಹತ್ತಿರ ಮೂಸಿದಳು. ಸಾಬೂನಿನ ವಾಸನೆ. ಅದರಡಿಯಲ್ಲಿ, ಎಷ್ಟು ಉಜ್ಜಿದರೂ ಹೋಗದ ಕಷಾಯದೆಣ್ಣೆಯ ಕಮಟು.

"ತೊಳೆದು ಹೊಸ ಕುಪ್ಪಾಯ ಹಾಕಿಸಿದ್ದಾ ನೀನು? ನೋಡು ನುಸೈಬಾ, ನಾನು ಬೈಲಿಕ್ಕೆ ಬಂದದ್ದಲ್ಲ. ರಕ್ತ ಬಂದಿತ್ತಾ, ಅಷ್ಟು ಹೇಳು."

ಬಾಯಿ ಬಿಟ್ಟದ್ದು ಮುದುಕಿ. "ಬಂದಿತ್ತು ಮೋಳೇ. ಒಳಬದಿಯಲ್ಲಿ ಸಣ್ಣ ತೂತು. ನಾಟಿ ವೈದ್ಯರು ಸೊಪ್ಪು ಅರೆದು ಮುಚ್ಚಿದ್ರು. ಇಲ್ಲಿ ಹೇಳಿದ್ರೆ ಡಾಕ್ಟ್ರು ಅಟ್ಟಿಬಿಡ್ತಾರೆ ಅಂತ..."

ದಮಯಂತಿ ಪೂರ್ತಿ ಕೇಳಿಸಿಕೊಳ್ಳಲಿಲ್ಲ. ಸೆರಗು ಸೊಂಟಕ್ಕೆ ಸಿಕ್ಕಿಸಿ ಓಡಿದಳು. ನಲವತ್ತು ದಾಟಿದ ಹೆಂಗಸು ಎರಡೆರಡು ಮೆಟ್ಟಿಲು ಹಾರುವುದನ್ನು ನೋಡಿ ಲಿಫ್ಟಿನವನು ಬಾಯಿ ಬಿಟ್ಟ. ಪೋರ್ಟಿಕೋದಲ್ಲಿ ಕಾರು ಹೊರಟೇ ಬಿಟ್ಟಿತ್ತು. ಅವಳು ಎದುರಿಗೆ ನಿಂತಳು.

"ಎಂತ ಇದು ದಮಯಂತಿ? ತಲೆ ಸರಿ ಉಂಟಾ?" ಈಶ್ವರಪ್ರಸಾದರು ಗಾಜು ಇಳಿಸಿ ಗದರಿದರು.

"ಉಮ್ಮಾಲಿಮ್ಮನ ತೋಳಲ್ಲಿ ಗಾಯ ಉಂಟು ಡಾಕ್ಟ್ರೇ. ಪ್ಲಾಸ್ಟರಿನ ಅಡಿಯಲ್ಲಿ ಮುಚ್ಚಿ ಹೋಗಿದೆ."

"ನೀವು ಕೋಡ್ ಹಾಕಿ ಸಾಕು. ಎಲುಬು ನಾನು ನೋಡ್ತೇನೆ."

"ಎಲುಬು ನೋಡಿದ್ದೀರಿ. ಚರ್ಮ ಯಾರೂ ನೋಡ್ಲಿಲ್ಲ." ಅವಳು ಕಾರಿನ ಎದುರಿನಿಂದ ಕದಲಲಿಲ್ಲ. "ಒಮ್ಮೆ ಬಿಚ್ಚಿಸಿ. ಗಾಯ ಇಲ್ಲದಿದ್ರೆ ನಾಳೆಯಿಂದ ನಾನು ಕೆಲಸಕ್ಕೆ ಬರುದಿಲ್ಲ."

ಹಿಂದೆ ಆಂಬುಲೆನ್ಸ್ ಹಾರ್ನ್ ಹೊಡೆಯಿತು. ಡಾಕ್ಟರು ಬಾಗಿಲನ್ನು ಧಡಾರನೆ ಹಾಕಿ ಇಳಿದರು.

ಮಂಚದ ಸುತ್ತ ಪರದೆ ಎಳೆದರು. ಇಬ್ಬರು ನರ್ಸುಗಳು ಸೇರಿ ಪ್ಲಾಸ್ಟರು ಬಿಚ್ಚಿ ಕುಪ್ಪಾಯದ ತೋಳನ್ನು ಕತ್ತರಿಸಿದರು. ಪರದೆಯ ಹೊರಗೆ ನಿಂತ ದಮಯಂತಿಗೆ ಏನೂ ಕಾಣುತ್ತಿರಲಿಲ್ಲ. ಕತ್ತರಿಯ ಸದ್ದು, ಮುದುಕಿಯ ನರಳಾಟ, ಅಷ್ಟೇ. ಅಷ್ಟರಲ್ಲಿ ನಾತ ಬಂತು.

"ಥಿಯೇಟರ್ ರೆಡಿ ಮಾಡಿ. ಈಗಲೇ!" ಎಂದರು ಡಾಕ್ಟರು.

ಮಧ್ಯಾಹ್ನ ಎರಡಕ್ಕೆ ಅವರು ಹೊರಬಂದರು. ಕೀವು ತೊಳೆದು ಕೊಳೆತದ್ದನ್ನೆಲ್ಲ ತೆಗೆದಿದ್ದರು. "ಕೈ ಉಳೀತದೆ ಅಂತ ಕಾಣ್ತದೆ" ಎಂದು ನುಸೈಬಾಳಿಗೆ ಹೇಳಿ, ದಮಯಂತಿಯ ಕಡೆ ತಿರುಗಿ, "ಶನಿವಾರದ ತನಕ ಬಿಟ್ಟಿದ್ರೆ..." ಎಂದು ಅಲ್ಲಿಗೇ ನಿಲ್ಲಿಸಿ ನಡೆದರು. ಸಾಕಲ್ಲ, ದೊಡ್ಡವರು ಅಷ್ಟಾದರೂ ಹೇಳಿದರು!

ದಮಯಂತಿ ಕೆಳಗಿಳಿದು ಸೊನ್ನೆ ಅಳಿಸಿ ಒಂದು ಹಾಕಿದಳು. ಚಹಾ ಕುಡಿಯಲು ಮನಸ್ಸಾಗಲಿಲ್ಲ. ಮತ್ತೆ ಮೇಲೆ ಹೋಗಿ ಥಿಯೇಟರಿನ ಹೊರಗಿನ ಬೆಂಚಿನಲ್ಲಿ ನುಸೈಬಾಳ ಪಕ್ಕ ಕೂತಳು.

"ನಿಮಗೆ ಹೇಗೆ ಗೊತ್ತಾಯ್ತು ಅಕ್ಕಾ?" ನುಸೈಬಾ ಕಣ್ಣೊರೆಸಿಕೊಳ್ಳುತ್ತಾ ಕೇಳಿದಳು.

ಇಪ್ಪತ್ತೇಳು ವರ್ಷದಿಂದ ಯಾರಿಗೂ, ಕೊನೆಗೆ ಗಂಡನಿಗೂ ಹೇಳದ ಮಾತು. ಹೇಳಿದರೆ ಇವಳಿಗೇ ಹೇಳಬೇಕು ಅನ್ನಿಸಿತು.

"ನನ್ನಪ್ಪ ಕೆಂಪುಕಲ್ಲು ಕಡಿಯುವ ಕೋರೆಯಲ್ಲಿ ಬಿದ್ದದ್ದು. ಇದೇ ತೋಳು, ಹೀಗೇ ಸಣ್ಣ ತೂತು. ನಾಟಿ ವೈದ್ಯರು ಮದ್ದು ಕಟ್ಟಿದ್ರು. ಮರುದಿನ ಆಸ್ಪತ್ರೆಗೆ ಹೋಗುವಾಗ ಅಮ್ಮ ಮದ್ದೆಲ್ಲ ತೊಳೆದು ಅಂಗಿ ಹಾಕಿಸಿದ್ರು. ಮನೆಯಲ್ಲಿ ಶಾಲೆ ಕಲಿತದ್ದು ನಾನೊಬ್ಬಳೇ, ಡಾಕ್ಟ್ರ ಹತ್ರ ಮಾತಾಡಿದ್ದೂ ನಾನೇ. ಗಾಯ ಇಲ್ಲ, ನಾವು ನೇರ ಇಲ್ಲಿಗೇ ಬಂದದ್ದು ಅಂತ ಹೇಳಿದೆ. ಆರನೇ ದಿನ ಕೈ ಕತ್ತರಿಸಿದ್ರು."

"ಯಾ ಅಲ್ಲಾ... ಅಪ್ಪ ನಿಮಗೆ ಬೈದ್ರಾ?"

"ಇಲ್ಲ. ಜ್ವರದಲ್ಲಿ ಅವರಿಗೆ ಪ್ರಜ್ಞೆ ಇರ್ಲಿಲ್ಲ, ನಾನು ಹೇಳಿದ್ದು ಅವರಿಗೆ ಗೊತ್ತೇ ಇಲ್ಲ. ಆ ಡಾಕ್ಟ್ರೇ ನನ್ನ ಕೈ ತೆಗೆದದ್ದು ಅಂತ ಸಾಯುವ ತನಕ ಶಾಪ ಹಾಕ್ತಿದ್ರು. ನಾನು ಅವರಿಗೆ ಅನ್ನ ಕಲಸಿ ಬಾಯಿಗೆ ಕೊಡ್ತಾ ಹೌದಪ್ಪ, ಹೌದು ಅಂತಿದ್ದೆ."